ಊಟದ ಪಂಕ್ತಿಯ ಕ್ಯಾಸೆಟ್ಟು

(ಗುಂಡ್ಲುಪೇಟೆಯ ಒಂದು ಫೋಟೊ ಸ್ಟುಡಿಯೊ. ಮಾತಾಡುವ ಇಬ್ಬರಲ್ಲಿ ಒಬ್ಬರು ಮದುವೆ ವಿಡಿಯೊ ತೆಗೆಯುತ್ತಲೇ ತಲೆ ನರೆಸಿಕೊಂಡವರು. ಇನ್ನೊಬ್ಬಳು ಚಾಮರಾಜನಗರದವಳು, ಮೈಸೂರಿನಲ್ಲಿ ಓದಿ ಬಂದು ಕೈದುಡ್ಡಿನಲ್ಲಿ ಮೊದಲ ಸಾಕ್ಷ್ಯಚಿತ್ರ ಮಾಡುತ್ತಿರುವವಳು. ಅದರ ಒಂದು ತುಣುಕು ಈಗಷ್ಟೇ ಕಂಪ್ಯೂಟರಿನಲ್ಲಿ ಓಡಿ ನಿಂತಿದೆ.)

— ಮುಗೀತಾ?

— ಮುಗೀತಣ್ಣ.

— ಹನ್ನೊಂದು ನಿಮಿಷ ಆಯ್ತು ಕನವ್ವ. ಚೆಂಡುಹೂವಿನ ಮೂಟೆ ಬತ್ತದ, ಕಾಟಾ ಮ್ಯಾಲ ಕೂರ್ತದ, ಇಳೀತದ. ಇನ್ನೊಂದು ಬತ್ತದ. ಮ್ಯೂಸಿಕ್ಕಿಲ್ಲ, ಮಾತಿಲ್ಲ. ಇಷ್ಟೊತ್ತಿಗ ನಾನು ತಾಳಿ ಕಟ್ಸಿ, ಅರುಂಧತಿ ತೋರ್ಸಿ, ಗಂಡು ಹೆಣ್ಣ ಊಟಕ್ಕ ಕಳ್ಸಿರ್ತಿದ್ದೆ.

— ಬೇಜಾರಾಯ್ತಾ?

— ಮೊದಲು ಆಯ್ತು, ಸುಳ್ಳು ಯಾಕ ಹೇಳ್ಲಿ. ಆಮ್ಯಾಲ ಆ ಹಸ್ರು ಸೀರೆ ಹೆಂಗಸು ಬಂದ್ಲಲ್ಲ, ಅವಳು ಕಾಟಾದ ನಂಬರ್ ನೋಡುದ್ಲು, ಬರ್ಯೋನ ಪುಸ್ತಕ ನೋಡುದ್ಲು, ಆಮ್ಯಾಲ ಕತ್ತೆತ್ತಿ ಆಕಾಶ ನೋಡುದ್ಲು. ಆಕಾಶ ಯಾಕ ನೋಡುದ್ಲು ಅನ್ನದು ಮಾತ್ರ ನಂಗ ಹತ್ತಲಿಲ್ಲ.

— ಹಿಂದಿನ ರಾತ್ರಿ ಮಳೆ ಬಿದ್ದಿರಲಿಲ್ಲ. ಆದ್ರೂ ಹೂ ಒದ್ದೆ ಅಂತ ಹೇಳಿ ಅವನು ತೂಕದಲ್ಲಿ ಮುರ್ಕೊಂಡ.

— ಓಹೋ. ಅದ ಬಾಯ್ಬುಟ್ಟು ಹೇಳ್ಬಾರ್ದಾ? ನಿನ್ನ ದನಿಲಿ ಒಂದು ಸಾಲು ಸಾಕಾಗ್ತಿತ್ತು.

— ಹೇಳಿದ್ರೆ ನೀವು ನನ್ನ ಸಾಲು ಕೇಳ್ತಿದ್ರಿ, ಅವಳ ಕತ್ತು ನೋಡ್ತಿರಲಿಲ್ಲ. ಈಗ ನೀವೇ ಕಂಡುಹಿಡಿದ್ರಿ. ಪೂರ್ತಿ ಅಲ್ಲ, ಮುಕ್ಕಾಲು. ಉಳಿದ ಕಾಲು ಕೇಳಿ ತಿಳ್ಕೊಂಡ್ರಿ.

— ನೋಡೋರೆಲ್ಲ ನಿನ್ನ ಪಕ್ಕದಲಿ ಕೂತು ಕೇಳಕ್ಕಾದದಾ? ಟೆಂಟ್‌ಲಿ ಪಿಚ್ಚರ್‌ಗ ಮುಂಚೆ ನ್ಯೂಸ್ ರೀಲ್ ಹಾಕೋರು. ಅಣೆಕಟ್ಟು, ಪ್ರವಾಹ, ಮಂತ್ರಿಗಳು ಟೇಪು ಕತ್ರಿಸದು. ಗಡಸು ಗಂಟಲಲಿ ಒಬ್ಬ ಎಲ್ಲಾನೂ ಬಿಡಿಸಿ ಹೇಳೋನು. ನೋಡ್ದೇ ಇದ್ರೂ ಅರ್ಥ ಆಗದು.

— ಅದೇ ಅಣ್ಣ ತಂಟೆ, ನೋಡ್ದೇ ಇದ್ರೂ ಅರ್ಥ ಆಗೋದು! ಸರ್ಕಾರದ ಫಿಲ್ಮ್ಸ್ ಡಿವಿಜನ್ 1948ರಲ್ಲಿ ಶುರುವಾಯ್ತು. ಅದರ ರೀಲನ್ನ ಥಿಯೇಟರ್‌ನವರು ಕಡ್ಡಾಯವಾಗಿ ಹಾಕ್ಬೇಕಿತ್ತು. 2022ರಲ್ಲಿ ಅದನ್ನ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ, ಅದೇ ಎನ್‌ಎಫ್‌ಡಿಸಿಗೆ ಸೇರಿಸಿದ್ರು, ಆದ್ರೆ ಆ ಗಂಟಲು ಇನ್ನೂ ನಮ್ಮ ತಲೆಯೊಳಗಿದೆ. ಸಾಕ್ಷ್ಯಚಿತ್ರ ಅಂದ ತಕ್ಷಣ ಯಾರ ದನಿ ಅಂತ ಕೇಳ್ತಾರೆ. ಅದೇ ಸಂಸ್ಥೆಗೆ ಸುಖದೇವ್ 'ಇಂಡಿಯಾ 67' ಮಾಡಿದ್ರು, ವಿವರಣೆಯ ಒಂದು ಮಾತೂ ಇಲ್ಲದೆ. ಹಾಗಾಗಿ ಸರ್ಕಾರದ್ದೆಲ್ಲ ಗಡಸು ಗಂಟಲು ಅಂತ ನಾನು ಹೇಳಲ್ಲ.

— 'ವೈಲ್ಡ್ ಕರ್ನಾಟಕ' ನಾನು ಥಿಯೇಟರ್‌ಲೇ ನೋಡ್ದೆ. ರಿಷಬ್ ಶೆಟ್ಟಿ ದನಿ. ಚೆನ್ನಾಗಿತ್ತಲ್ಲ!

— ದೃಶ್ಯ ಚೆನ್ನಾಗಿತ್ತು, ಅದಕ್ಕೆ ಎರಡು ಮಾತಿಲ್ಲ. ಅಮೋಘವರ್ಷ, ಕಲ್ಯಾಣ್ ವರ್ಮ ಸೇರಿ ಮಾಡಿದ್ದು, 2020ರ ಜನವರಿಯಲ್ಲಿ ಥಿಯೇಟರಿಗೆ ಬಂತು. ಇಂಗ್ಲಿಷಿನಲ್ಲಿ ಡೇವಿಡ್ ಅಟೆನ್‌ಬರೊ ದನಿ. ಅದಕ್ಕೆ ರಾಷ್ಟ್ರ ಪ್ರಶಸ್ತಿ ಬಂದಾಗ ನಿರೂಪಣೆಗೇ ಅಂತ ಒಂದು ಪ್ರಶಸ್ತಿ ಅಟೆನ್‌ಬರೊಗೆ ಬಂತು. ಚಿರತೆ ಏನು ಮಾಡ್ತಿದೆ ಅಂತ ಚಿರತೆ ಹೇಳಲ್ಲ, ಅಲ್ಲಿ ದನಿ ಬೇಕು ಅಂತಾನೇ ಇಟ್ಕೊಳ್ಳಿ. ನನ್ನ ಹಸಿರು ಸೀರೆ ಅಕ್ಕನಿಗೆ ಬಾಯಿದೆ. ಅವಳು ಸುಮ್ಮನಿದ್ದಾಳೆ ಅಂದ್ರೆ ಸುಮ್ಮನಿರೋಕೆ ಅವಳಿಗೊಂದು ಕಾರಣ ಇದೆ. ಅದರ ಮೇಲೆ ನನ್ನ ದನಿ ಹಾಕಿದ್ರೆ ಆ ಕಾರಣ ಮುಚ್ಚಿಹೋಗುತ್ತೆ.

— ಸರಿ ಬುಡು. ನಂಗ ಇನ್ನೊಂದು ಅನುಮಾನ. ಅವಳು ನಿನ್ನ ಕ್ಯಾಮೆರಾ ಮರ್ತಿದ್ಲಾ? ನಮ್ಮೂರ ಜನ ಕ್ಯಾಮೆರಾ ಮರ್ಯೋ ಜನ ಅಲ್ಲ. ಜುಲೈ ತಿಂಗಳಲಿ ಸೂರ್ಯಕಾಂತಿ ಬುಟ್ಟಾಗ ಹೈವೇಲಿ ಹೋಗ್ನೋಡು. ವಯನಾಡಿನ ಕಡೆಯಿಂದ ಕಾರು ಸಾಲಾಗಿ ನಿಂತಿರ್ತವ. ಹೊಲದೋರು ದಾರ ಕಟ್ಟಿ, ಫೋಟೊಗ ಇಷ್ಟು ಅಂತ ಬೋರ್ಡು ಹಾಕವ್ರ. ತಪ್ಪೇನಿಲ್ಲ, ಗಿಡ ತುಳ್ದು ಹೋದ್ರ ಕೊಡೋರು ಯಾರು? ಎಣ್ಣೆಗ ಸಿಕ್ಕದ ರೇಟು ಸೆಲ್ಫಿಗ ಸಿಕ್ತದ ಅಂತ ಒಬ್ಬ ನಗಾಡ್ತಿದ್ದ.

— ಬರೀ ಹೂವಿನ ಹೊಲ ಅಲ್ಲ. ಗೋಪಾಲಸ್ವಾಮಿ ಬೆಟ್ಟ ಎಷ್ಟು ಸಿನಿಮಾದಲ್ಲಿ ಬಂದಿದೆ. ಬಂಡೀಪುರಕ್ಕೆ 2020ರಲ್ಲಿ ಬೇರ್ ಗ್ರಿಲ್ಸ್ ಬಂದು ರಜನೀಕಾಂತ್ ಜೊತೆ ಷೂಟಿಂಗ್ ಮಾಡಿ ಹೋದ್ರು. ಊಟಿ ರಸ್ತೆಯಲ್ಲಿ ಗಡಿ ದಾಟಿದ್ರೆ ತೆಪ್ಪಕಾಡು ಆನೆ ಶಿಬಿರ, 2023ರಲ್ಲಿ ಆಸ್ಕರ್ ಗೆದ್ದ 'ದಿ ಎಲಿಫೆಂಟ್ ವಿಸ್ಪರರ್ಸ್' ಅಲ್ಲಿಯದು. ಕ್ಯಾಮೆರಾದ ಬೆಲೆ ಇಷ್ಟು ಚೆನ್ನಾಗಿ ಗೊತ್ತಿರೋ ತಾಲ್ಲೂಕು ಇನ್ನೊಂದಿಲ್ಲ.

— ಮತ್ತ? ನೀನು ಹೇಳೋ ಆ ಶೈಲಿ, ಸುಮ್ಮನ ನೋಡ್ತಾ ಇರದು...

— ಅವಲೋಕನ ಶೈಲಿ.

— ಹಾಂ, ಅದೇ. ಕ್ಯಾಮೆರಾ ಇಲ್ಲದಂಗ ಇರ್ಬೇಕು ಅನ್ನದಲ್ವಾ ಅದು? ಇಲ್ಲಿ ಹೆಂಗ ಆದದು?

— ಕ್ಯಾಮೆರಾ ಗೋಡೆ ಮೇಲೆ ಕೂತ ನೊಣದ ಹಾಗಿರ್ಬೇಕು ಅಂತ ಆ ಶೈಲಿಯ ಬಗ್ಗೆ ಬರೆಯೋರು ಹೇಳ್ತಾರೆ. ನಮ್ಮ ಗೋಡೆ ಮೇಲಿರೋದು ಹಲ್ಲಿ ಅಣ್ಣ. ಅದು ಸುಮ್ಮನೆ ಕೂತಿರುತ್ತೆ ನಿಜ, ಆದ್ರೆ ಲೊಚ್ ಅಂದ ತಕ್ಷಣ ಇಡೀ ಮನೆ 'ಕೃಷ್ಣ ಕೃಷ್ಣ' ಅಂದು ನೆಲ ಕುಟ್ಟಿ, ಯಾರ ಮಾತಿಗೆ ನುಡೀತು ಅಂತ ಲೆಕ್ಕ ಹಾಕುತ್ತೆ. ನನ್ನ ಕ್ಯಾಮೆರಾ ಆ ತರಹದ್ದು. ಅದು ಅಲ್ಲಿದೆ ಅಂತ ಎಲ್ಲರಿಗೂ ಗೊತ್ತು. ಗೊತ್ತಿದ್ದೂ ಕೆಲಸ ನಿಲ್ಲಿಸೋಕಾಗಲ್ಲ, ಯಾಕಂದ್ರೆ ಹೂ ಬಾಡುತ್ತೆ, ಲಾರಿ ಹೊರಡುತ್ತೆ. ಮೊದಲ ದಿನಗಳಲ್ಲಿ ನಗ್ತಾರೆ, ಸೆರಗು ಸರಿ ಮಾಡ್ಕೋತಾರೆ, 'ನಮ್ಮ ಫೋಟೊ ಹಿಡ್ದು ಯಾವ ದೇಶಕ್ಕ ಮಾರೀಯೆ' ಅಂತಾರೆ. ಅದನ್ನೂ ಇಟ್ಕೊಂಡಿದೀನಿ. ಆಮೇಲೆ ಅವರಿಗೇ ಸಾಕಾಗುತ್ತೆ. ನಾನು ಕಾಯೋದು ಮರೆಯಲಿ ಅಂತಲ್ಲ, ಸಾಕಾಗಲಿ ಅಂತ.

— ಹೂ ಕುಯ್ದ್ಯಾ ನೀನೂ?

— ಕ್ಯಾಮೆರಾ ತೆಗೆಯೋಕೆ ಮುಂಚೆ ಅದನ್ನೇ ಮಾಡಿದ್ದು. ಉಗುರಿನ ಸಂದಿಯ ಕಪ್ಪು ವಾರವಾದ್ರೂ ಹೋಗಲ್ಲ, ಊಟಕ್ಕೆ ಕೂತ್ರೆ ಅನ್ನದಲ್ಲೂ ಚೆಂಡುಹೂವಿನ ಘಾಟು. ಆ ಹೂವಿಂದ ಬಣ್ಣ ತೆಗೀತಾರೆ, ಕೋಳಿ ಮೇವಿಗೆ, ತಿಂಡಿಗೆ. ಮೊಟ್ಟೆಯೊಳಗಿನ ಹಳದಿ ಇನ್ನೂ ಹಳದಿಯಾಗ್ಲಿ ಅಂತ ಗುಂಡ್ಲುಪೇಟೆಯಲ್ಲಿ ಬೆನ್ನು ಬಗ್ಗಿಸ್ತಾರೆ. ಇದನ್ನೂ ನಾನು ಚಿತ್ರದಲ್ಲಿ ಹೇಳಲ್ಲ, ಹೇಳೋಕೆ ನಾಲಿಗೆ ತುರಿಸುತ್ತೆ.

— ಹೇಳವ್ವ, ಇದ ಹೇಳು! ಇಂಥದ್ದೂ ಬ್ಯಾಡ ಅಂದ್ರ ಅದು ಹಠ.

— ಇರಬಹುದು. ಈ ಒಂದರಲ್ಲಿ ನನಗೂ ಇನ್ನೂ ತೀರ್ಮಾನ ಆಗಿಲ್ಲ.

— ಅದೇನು, ಕ್ಯಾಮೆರಾನ ಅವರ ಮೂಗಿನ ಹತ್ರ ಇಟ್ಟಿದ್ದೀಯಲ್ಲ? ದೂರ ನಿಂತು ಜೂಮ್ ಹಾಕುದ್ರ ಇನ್ನೂ ಸಹಜವಾಗಿ ಸಿಕ್ತಿದ್ರು. ನಾವು ಹೆಣ್ಣು ಅಳೋ ಹೊತ್ತಿಗ ಕಂಬದ ಹಿಂದ್ಲಿಂದ ಜೂಮ್ ಹಾಕ್ತೀವಿ.

— ಜೂಮ್ ಕದ್ದು ನೋಡುತ್ತೆ ಅಣ್ಣ. ಬಂಡೀಪುರ ಸಫಾರಿಯಲ್ಲಿ ಆರುನೂರು ಎಂಎಂ ಲೆನ್ಸು ಸರಿ, ಹುಲಿ ಹತ್ತಿರ ಹೋಗೋಕಾಗಲ್ಲ. ಮನುಷ್ಯರಿಗೆ ನಾನು ಇಟ್ಕೊಂಡಿರೋದು ಒಂದೇ ಲೆನ್ಸು, ಮೂವತ್ತೈದು ಎಂಎಂ. ಅದರಲ್ಲಿ ಮುಖ ಸಿಗಬೇಕಾದ್ರೆ ಅವರ ಕೈಗೆಟುಕೋ ದೂರದಲ್ಲಿ ನಿಲ್ಲಬೇಕು. ಅಷ್ಟು ಹತ್ತಿರ ನಿಂತ್ರೆ ಅವರು 'ಹೋಗಾಚೆ' ಅನ್ನಬಹುದು, ಅಂಗೈ ಅಡ್ಡ ಇಡಬಹುದು. ಕಂಬದ ಹಿಂದಿನ ಕ್ಯಾಮೆರಾಗೆ ಯಾರು ಅಡ್ಡ ಹೇಳ್ತಾರೆ? ಇನ್ನೊಂದು ಲಾಭ ಏನಂದ್ರೆ, ದನಿ ಚೆನ್ನಾಗಿ ಸಿಗುತ್ತೆ. ಕಾಲರ್ ಮೈಕ್ ಸಿಕ್ಕಿಸಿದ್ರೆ ಅವರು ಪೂರ್ತಿ ದಿನ ಅದನ್ನೇ ಮುಟ್ಟಿ ನೋಡ್ಕೋತಿರ್ತಾರೆ.

— ಇದ್ಯಾವುದೂ ನಿನ್ನ ತಲೆಲಿ ಹುಟ್ಟಿದ್ದಲ್ಲ. ಯಾರ ನೋಡಿ ಕಲ್ತೆ?

— ಇದು ಸಾಧ್ಯ ಆಗಿದ್ದೇ ಯಂತ್ರದಿಂದ. 1960ರ ಸುಮಾರಿಗೆ ಅಮೆರಿಕದಲ್ಲಿ, ಫ್ರಾನ್ಸಿನಲ್ಲಿ ಹೆಗಲ ಮೇಲೆ ಹೊರೋಷ್ಟು ಹಗುರದ ಕ್ಯಾಮೆರಾ, ಅದರ ಜೊತೆ ತಾಳ ತಪ್ಪದೆ ದನಿ ಹಿಡಿಯೋ ಟೇಪು ಬಂತು. ಅದಕ್ಕೂ ಮುಂಚೆ ಜನ ಇದ್ದ ಜಾಗದಲ್ಲೇ ಅವರ ಮಾತು ಹಿಡಿಯೋದು ದೊಡ್ಡ ಸಾಹಸ, ಆದ್ದರಿಂದಲೇ ಮೇಲಿಂದ ಒಬ್ಬನ ಗಂಟಲು ಅಂಟಿಸ್ತಿದ್ರು. ಫ್ರೆಡರಿಕ್ ವೈಸ್‌ಮನ್ 1967ರಿಂದ ಆಸ್ಪತ್ರೆ, ಶಾಲೆ, ಕಚೇರಿಗಳ ಒಳಗೆ ಹೋಗಿ ಕೂತು ಚಿತ್ರ ಮಾಡಿದ್ರು. ನಿರೂಪಣೆ ಇಲ್ಲ, ಸಂದರ್ಶನ ಇಲ್ಲ, ಸಂಗೀತ ಅಂಟಿಸಲ್ಲ. ಚಿತ್ರೀಕರಣ ಕೆಲವೇ ವಾರ, ಆಮೇಲೆ ತಿಂಗಳುಗಟ್ಟಲೆ ಎಡಿಟಿಂಗ್. ಸುಮ್ಮನೆ ನೋಡ್ತೀನಿ ಅನ್ನೋ ಮಾತನ್ನ ಅವರೇ ಒಪ್ತಿರಲಿಲ್ಲ. ಏನನ್ನ ಕತ್ತರಿಸಿದೆ ಅನ್ನೋದ್ರಲ್ಲೇ ನನ್ನ ಅಭಿಪ್ರಾಯ ಇದೆ ಅಂತಿದ್ರು.

— ದೂರದ ಮಾತಾಯ್ತು. ಇಲ್ಲಿಯೋರು?

— ಕೃಪಾಕರ ಸೇನಾನಿ.

— ಓ, ನಮ್ಮ ಬಂಡೀಪುರದೋರು! 1997ರ ಅಕ್ಟೋಬರ್‌ಲಿ ವೀರಪ್ಪನ್ ಎತ್ತಾಕೊಂಡು ಹೋಗಿದ್ನಲ್ಲ, ಹದಿನಾಕು ದಿವ್ಸ. ಊರೆಲ್ಲ ಅದೇ ಮಾತು.

— ಜನ ಅವರನ್ನ ನೆನೆಯೋದು ಅದಕ್ಕೇ. ನಾನು ನೆನೆಯೋದು ಕೆನ್ನಾಯಿಗೆ. ಒಂದು ಕಾಲದಲ್ಲಿ ಕಾಡುನಾಯಿ ಅಂದ್ರೆ ಕಂಡಲ್ಲಿ ಕೊಲ್ಲಬೇಕಾದ ಪಿಡುಗು, ಕೊಂದವರಿಗೆ ಸರ್ಕಾರವೇ ಇನಾಮು ಕೊಡ್ತಿತ್ತು. ಎ.ಜೆ.ಟಿ. ಜಾನ್‌ಸಿಂಗ್ 1976ರಿಂದ 78ರವರೆಗೆ ಬಂಡೀಪುರದಲ್ಲೇ ಕೂತು ಅವುಗಳನ್ನ ಅಧ್ಯಯನ ಮಾಡಿದ್ರು. ಆಮೇಲೆ ಕೃಪಾಕರ, ಸೇನಾನಿ ಇಬ್ಬರೂ ಕ್ಯಾಮೆರಾ ಹಿಡಿದು ವರ್ಷಗಟ್ಟಲೆ ಕೆನ್ನಾಯಿಗಳ ಹಿಂದೆ ಬಿದ್ರು. 'ದಿ ಪ್ಯಾಕ್' ಸರಣಿಗೆ 2010ರಲ್ಲಿ, ಪತ್ರಿಕೆಯವರು ಹಸಿರು ಆಸ್ಕರ್ ಅಂತಾರಲ್ಲ, ಆ ವೈಲ್ಡ್‌ಸ್ಕ್ರೀನ್ ಪ್ರಶಸ್ತಿ ಬಂತು. ಪ್ರಶಸ್ತಿ ಇರಲಿ. ನಾಯಿ ಏನು ಮಾಡುತ್ತೆ ಅಂತ ಇವರು ಮೊದಲೇ ಬರ್ಕೊಂಡು ಹೋಗಿ ಮಾಡಿಸೋಕಾಗಲ್ಲ, ಗಮನಿಸಿ. ಹೋಗಬೇಕು, ಸಿಗದೆ ವಾಪಸ್ ಬರಬೇಕು, ಮತ್ತೆ ಹೋಗಬೇಕು. ಆ ತಾಳ್ಮೆ ನನಗೆ ಅವರಿಂದ ಬಂದದ್ದು. ಹಾಗಂತ ಬರೀ ನೋಡ್ತಾನೂ ಕೂರಲಿಲ್ಲ ಅವರು. ಕಾಡಂಚಿನ ಊರಿನೋರು ಸೌದೆಗೆ ಕಾಡಿಗೆ ಹೋಗೋದು ತಪ್ಪಲಿ ಅಂತ 'ನಮ್ಮ ಸಂಘ' ಕಟ್ಟಿ ಮನೆಮನೆಗೆ ಗ್ಯಾಸ್ ಕೊಡಿಸಿದ್ರು. ಬರೀ ಕಣ್ಣಾಗಿ ಇರ್ತೀನಿ ಅಂದವರಾಗಿದ್ರೆ ಸಿಲಿಂಡರ್ ಹೊರೋ ಕೆಲಸಕ್ಕೆ ಯಾಕೆ ಬೀಳ್ತಿದ್ರು?

— ನೀನೂ ಕಾಡ್ಲೇ ಒಂದು ಮಾಡ್ಬೋದಿತ್ತು. ಕಾಡು ಅಂದ್ರ ದುಡ್ಡು ಕೊಡೋರು ಅವ್ರ. ಹೂ ಕುಯ್ಯೋ ಹೆಂಗಸರಿಗ ಯಾರು ಕೊಟ್ಟಾರು?

— ಕಾಡೊಳಗೆ ಕ್ಯಾಮೆರಾ ಇಡೋಕೆ ಅರಣ್ಯ ಇಲಾಖೆ ಅನುಮತಿ ಬೇಕು, ಶುಲ್ಕ ಕಟ್ಟಬೇಕು. ನನ್ನಂಥೋರಿಗೆ ಹೊಲದ ಬದುವೇ ಗತಿ. ಬದುವಿನ ಮೇಲೆ ನಿಂತು ನೋಡಿದ್ರೆ ಹುಲಿ ಯೋಜನೆಯೂ ಕಾಣುತ್ತೆ, ಹೂವಿನ ವ್ಯಾಪಾರವೂ ಕಾಣುತ್ತೆ, ರಾತ್ರಿ ಒಂಬತ್ತಕ್ಕೆ ಮುಂಚೆ ಚೆಕ್‌ಪೋಸ್ಟ್ ದಾಟೋಕೆ ಓಡೋ ಲಾರಿಯೂ ಕಾಣುತ್ತೆ. 2009ರಿಂದ ಬಂಡೀಪುರದ ರಸ್ತೆಯಲ್ಲಿ ರಾತ್ರಿ ಸಂಚಾರ ಇಲ್ಲವಲ್ಲ, ಈ ಊರಿನ ಸಂಜೆಯೆಲ್ಲ ಆ ಗಡಿಯಾರದ ಮೇಲೆ ನಡೆಯುತ್ತೆ. ಬೆಳೆ ತುಂಬಿದ ಲಾರಿ ಹೊರಡೋ ಗಡಿಬಿಡಿ ಒಂದು ದೃಶ್ಯ ಇದೆ, ಆಮೇಲೆ ತೋರಿಸ್ತೀನಿ.

— ಅದೂ ಹನ್ನೊಂದು ನಿಮಿಷಾನಾ?

— ಒಂಬತ್ತು. ನಿಮಗೆ ನಗು ಬರುತ್ತೆ. ನೀಲಗಾರರು ಮಂಟೇಸ್ವಾಮಿ ಕತೆ ಶುರು ಮಾಡಿದ್ರೆ ಬೆಳಗಾಗುತ್ತೆ, ದೇವರಗುಡ್ಡರು 'ಸಂಕಮ್ಮನ ಸಾಲು' ಹಿಡಿದ್ರೂ ಅಷ್ಟೇ. ಕೇಳೋರು ಮಧ್ಯದಲ್ಲಿ ತೂಕಡಿಸ್ತಾರೆ, ಎದ್ದು ಬೀಡಿ ಸೇದ್ತಾರೆ, ಮತ್ತೆ ಬಂದು ಕೂರ್ತಾರೆ. ಹಾಡೋನು ಅವರಿಗೋಸ್ಕರ ಓಡಲ್ಲ. ಇಂಥ ಜಿಲ್ಲೆಯ ಜನಕ್ಕೆ ಹನ್ನೊಂದು ನಿಮಿಷ ಕೂರೋಕಾಗಲ್ಲ ಅನ್ನೋದನ್ನ ನಾನು ನಂಬಲ್ಲ.

— ಅದು ಹಾಡು ಕನ ಕೂಸೇ. ಇದು ಕಾಟಾ.

— ಆಯ್ತು, ಸೋತೆ. ಈಗ ನಾನು ಬಂದ ಕೆಲಸ ಹೇಳ್ಲಾ? ನಿಮ್ಮ ಹಳೇ ಕ್ಯಾಸೆಟ್ ಬೇಕು.

— ಯಾವು?

— ತೊಂಬತ್ತರ ದಶಕದ ಮದುವೆಗಳು. ವಿಎಚ್‌ಎಸ್.

— ಅಯ್ಯೋ, ಅವು ಬೂಷ್ಟು ಹಿಡ್ದವ. ಇ-180 ಕ್ಯಾಸೆಟ್ಟು, ಮೂರು ಗಂಟೆ. ಆಗ ಏನ್ ಎಡಿಟಿಂಗು? ಹಾರ್ಟ್ ಒಳಗ ಗಂಡು ಹೆಣ್ಣ ಕೂರ್ಸದು, ಗುಲಾಬಿ ಬೀಳಿಸದು. ಉಳಿದದ್ದೆಲ್ಲ ಹಂಗೇ ಓಡದು. ಹೆಗಲ ಮ್ಯಾಲ ಕ್ಯಾಮೆರಾ, ಪಕ್ಕದಲಿ ಹುಡುಗ ಹ್ಯಾಲೋಜನ್ ಲೈಟ್ ಹಿಡ್ಕೊಂಡು. ಆ ಲೈಟ್ ಬಿದ್ರ ಸಾಕು, ಅನ್ನದ ತುತ್ತು ಬಾಯಿ ಹತ್ರ ನಿಂತೋಗದು. ಯಾರೂ ಸಹಜವಾಗಿ ಇರ್ತಿರ್ಲಿಲ್ಲ. ಅದ್ರಲಿ ನಿಂಗೇನ್ ಸಿಕ್ಕದ?

— ನಿಮ್ಮ ಗಿರಾಕಿಗಳು ಅದರಲ್ಲಿ ಯಾವುದನ್ನ ಹೆಚ್ಚು ಸಲ ನೋಡ್ತಾರೆ?

— ಹೂಂ. ಅದ ಕೇಳಿದ್ದು ಸರಿ. ಧಾರೆ ಒಂದ್ಸಲ ನೋಡ್ತಾರ, ಓಡಿಸ್ಬುಡ್ತಾರ. ನೋಡದು ಊಟದ ಪಂಕ್ತಿ. ನಂಗ ಊಟದ ಪಂಕ್ತಿ ತೆಗ್ಯದು ಅಂದ್ರ ಬೇಸರ, ಈ ತುದಿಯಿಂದ ಆ ತುದಿಗ ನಡೀತಾ ಹೋಗದು, ಎಲೆ ಎಲೆ ಎಲೆ. ಆದ್ರ ಸಿಡಿ ಮಾಡ್ಕೊಡಿ ಅಂತ ಬರೋರು ಕೇಳದು ಅದನ್ನೇ. 'ನಮ್ಮಪ್ಪ ಮೂರನೇ ಪಂಕ್ತಿಲಿ ಕೂತವ್ರ, ಅವರದ್ದು ಬೇರೆ ಫೋಟೊ ಇಲ್ಲ' ಅಂತಾರ. ಅವರಪ್ಪ ಏನ್ಮಾಡ್ತಾವ್ರ? ಪಾಯಸ ಸುರೀತಾವ್ರ. ಲೈಟ್‌ಗ ಕಣ್ಣು ಕಿರಿದು ಮಾಡ್ಕೊಂಡು ನನ್ನ ಬಯ್ತಾವ್ರ. ಮಕ್ಕಳು ಅದ್ನೇ ನಿಲ್ಸಿ ನಿಲ್ಸಿ ನೋಡ್ತಾರ.

— ಅಣ್ಣ, ಗುಂಡ್ಲುಪೇಟೆ ತಾಲ್ಲೂಕಿನ ಅತಿ ದೊಡ್ಡ ಅವಲೋಕನ ಚಿತ್ರ ನಿಮ್ಮ ಅಟ್ಟದ ಮೇಲಿದೆ. ಯಾರು ಯಾರ ಪಕ್ಕ ಕೂರ್ತಿದ್ರು, ಯಾರು ಎರಡನೇ ಪಂಕ್ತಿಗೆ ಕಾಯ್ತಿದ್ರು, ಯಾರು ಕೂರಲೇ ಇಲ್ಲ, ಎಲ್ಲಾ ಅದರಲ್ಲಿದೆ. ನೀವು ಅದನ್ನ ತೋರಿಸ್ಬೇಕು ಅಂತ ತೆಗೆದದ್ದಲ್ಲ, ಬೇಸರದಲ್ಲಿ ತೆಗೆದದ್ದು. ಅದಕ್ಕೇ ಅದು ಉಳೀತು.

— ಹೊಗಳಿ ಕ್ಯಾಸೆಟ್ ಕೇಳ್ತಿದ್ದೀಯೆ. ಕೊಡ್ತೀನಿ ಬುಡು, ಆದ್ರ ಅದ್ರಲಿರೋರ ಕೇಳದೆ ಒಂದು ಚೂರೂ ಹಾಕ್ಬಾರ್ದು. ಈಗ ನಾನೂ ತಲೆಕೂದಲು ನರೆತ ಮ್ಯಾಲ ಡ್ರೋನ್ ಬುಡ್ತೀನಿ, ಗಿಂಬಲ್ ಹಿಡ್ದು ಹೆಣ್ಣಿನ ಸುತ್ತ ಸುತ್ತೀನಿ. ಐದು ನಿಮಿಷದ ಹೈಲೈಟು. ಊಟದ ಪಂಕ್ತಿ ಯಾರೂ ಕೇಳಲ್ಲ. ಪಾಯಸ ಸುರ್ಯೋ ಅಪ್ಪಂದಿರು ಈಗ ಎಲ್ಲೂ ಉಳಿಯಲ್ಲ.

— ಚಾಮರಾಜೇಶ್ವರನ ತೇರಿಗೆ ಹೋಗ್ತೀರಲ್ಲ, ಅಲ್ಲೂ ಡ್ರೋನಾ?

— ತೇರು ಬುಡು, ಅದ್ರ ಸುಖವೇ ಬ್ಯಾರೆ. ಆಷಾಢದಲಿ ಹೊಸ ಹೆಣ್ಣು ತವರಲಿ, ಗಂಡು ಅವನ ಊರಲಿ. ತೇರಿನ ದಿವ್ಸ ಎರಡು ಮನೆಯೋರೂ ಬತ್ತಾರ, ಜೋಡಿ ಒಂದಾಗ್ತದ, ಹಣ್ಣು ಜವನ ಎಸೀತವ. 2017ರಲಿ ಯಾವನೋ ತೇರಿಗೇ ಬೆಂಕಿ ಇಟ್ಟ, ಹೊಸ ತೇರು ಬರಗಂಟ, 2022ರ ತನಕ ಉತ್ಸವ ಇರ್ಲಿಲ್ಲ. ಅಷ್ಟು ವರ್ಷ ನನ್ನ ವ್ಯಾಪಾರವೂ ಹೋಯ್ತು. ಅಲ್ಲಿ ಒಂದು ಗಮನಿಸಿದ್ದೀನಿ: ಕ್ಯಾಮೆರಾ ತೋರುದ್ರ ಜೋಡಿ ಮಧ್ಯ ಒಂದಡಿ ಜಾಗ ಬುಟ್ಟು ನಿಂತ್ಕೋತವ. ಇಳ್ಸುದ್ರ ಕಿರುಬೆರಳು ಹುಡುಕ್ತವ. ನಾನು ಇಳ್ಸಿಬುಡ್ತೀನಿ.

— ಬಾಡಿಗೆ ಕ್ಯಾಮೆರಾ ಇಳಿಸಿದ್ರೆ ದುಡ್ಡು ಕೊಡ್ತಾರಾ?

— ಒಂದಡಿ ಜಾಗದ ಫೋಟೊಗೇ ದುಡ್ಡು ಕನವ್ವ, ಅದು ಅತ್ತೆ ಮನ್ಗ ಹೋಗದು.

— ನಾನು ಇಳಿಸ್ತೀನೋ ಇಲ್ಲವೋ ಅಂತ ಗೊತ್ತಿಲ್ಲ. ನನ್ನ ಕೆಲಸ ಆ ಕಿರುಬೆರಳು.

— ಈಗ ಬಂದೆ ನೋಡು ದಾರಿಗ. ಆ ಹಸ್ರು ಸೀರೆಯ ಹೆಂಗಸಿನದೂ ಕಿರುಬೆರಳೇ. ನೀನು ಮಾತಾಡ್ದೇ ಇದ್ರೂ ನಿನ್ನ ಚಿತ್ರ ಮಾತಾಡ್ತದ. ನೋಡಿದೋರಿಗೆಲ್ಲ ಗೊತ್ತಾಗ್ತದ, ಅವನು ತೂಕ ಮುರೀತಾನ ಅಂತ. ನಾಳಿಕ ಅವನು ಅವಳ ಮೂಟೆ ಮುಟ್ಟಲ್ಲ ಅಂದ್ರ? ನೀನು ಎಲ್ಲಿ ತೋರಿಸ್ತೀಯೆ ಇದ್ನ?

— ತಿರುವನಂತಪುರದಲ್ಲಿ 2008ರಿಂದ ಸಾಕ್ಷ್ಯಚಿತ್ರ, ಕಿರುಚಿತ್ರಗಳದ್ದೇ ಒಂದು ಉತ್ಸವ ನಡೆಯುತ್ತೆ, ಅಲ್ಲಿಗೆ ಕಳಿಸ್ಬೇಕು ಅಂತಿದೀನಿ. ಮುಂಬೈನದ್ದೂ ಇದೆ.

— ತಿರುವನಂತಪುರದೋರು ಚಪ್ಪಾಳೆ ತಟ್ತಾರ. ಅವರಿಗ ಮುಯ್ಯಿ ಇಲ್ಲ, ಮರ್ಯಾದಿ ಇಲ್ಲ ಇದ್ರಲಿ. ನಾನು ಕ್ಯಾಸೆಟ್ ಕೊಟ್ರ ಇಡೀ ವಂಶ ಟಿವಿ ಮುಂದ ಕೂರ್ತದ. 'ನಮ್ಮ ದೊಡ್ಡತ್ತೆ ಎಲ್ಲಿ', 'ಅವರ ಕಡೆಯೋರ್ನೇ ತೋರಿಸಿದ್ದೀಯೆ' ಅಂತ ಬೆವರಿಳಿಸ್ತಾರ. ದುಡ್ಡು ಹಿಡ್ಕೋತಾರ. ಅಂಥ ಪರೀಕ್ಷೆ ನಿಂಗ ಯಾವ ಉತ್ಸವದಲಿ ಸಿಕ್ಕದು?

— ಅದನ್ನ ಮಾಡಿದೋರಿದಾರೆ ಅಣ್ಣ. ಫ್ಲಾಹರ್ಟಿ 1922ರ 'ನಾನೂಕ್' ತೆಗೆಯುವಾಗ ಹಿಮದ ನಾಡಿನಲ್ಲೇ ರೀಲು ತೊಳೆದು ಅಲ್ಲಿಯ ಜನಕ್ಕೆ ತೋರಿಸ್ತಿದ್ದ. ಹಾಗಂತ ಅವನು ಸಾಚಾ ಅಲ್ಲ. ಬೆಳಕು ಬೇಕು ಅಂತ ಅರ್ಧ ಗೋಡೆಯಿಲ್ಲದ ಮಂಜಿನ ಮನೆ ಕಟ್ಟಿಸಿದ, ಬಂದೂಕು ಬಳಸೋರ ಕೈಗೆ ಈಟಿ ಕೊಟ್ಟ. 1961ರಲ್ಲಿ ಪ್ಯಾರಿಸ್‌ನಲ್ಲಿ ಜಾನ್ ರೂಶ್, ಎಡ್ಗರ್ ಮೊರಾನ್ ಒಂದು ಚಿತ್ರ ಮಾಡಿ, ಅದರಲ್ಲಿ ಇದ್ದವರನ್ನೇ ಕೂರಿಸಿ ತೋರಿಸಿದ್ರು. ಅವರು ಜಗಳ ಆಡಿದ್ರು, ಇದು ನಾಟಕ ಅಂದ್ರು, ಇದು ನಾಚಿಕೆಗೇಡು ಅಂದ್ರು. ಆ ಜಗಳವನ್ನೂ ಚಿತ್ರಕ್ಕೆ ಸೇರಿಸಿದ್ರು.

— ಮತ್ತ ನೀನ್ಯಾಕ ಸುಮ್ಮನಿದ್ದೀಯೆ? ಊರಲ್ಲೇ ಹಾಕು. ಪಂಚಾಯ್ತಿ ಗೋಡೆ ಅದ, ಬಿಳೀ ಪಂಚೆ ಅದ.

— ಹೆದರಿಕೆ. ಅವರು ಆ ಹನ್ನೊಂದು ನಿಮಿಷ ತೆಗೆದುಹಾಕು ಅಂದ್ರೆ?

— ತೆಗೀಬೇಕು.

— ಅದಿಲ್ಲದೆ ಚಿತ್ರವೇ ಇಲ್ಲ.

— ಹಂಗಾದ್ರ ಅವಳ ಕೇಳು ಮೊದ್ಲು, ಒಬ್ಬಳ್ನೇ. ಈ ಕಂಪ್ಯೂಟರ್ ಮುಂದೇ ಕೂರ್ಸು, ನಾನು ಟೀ ತರಿಸ್ತೀನಿ. ಅವಳು ಹೂಂ ಅಂದ ಮ್ಯಾಲ ಊರಿಗ ಹಾಕು. ಹೂವಿನ ಕೆಲಸ ಮುಗೀಲಿ, ಲೆಕ್ಕ ಚುಕ್ತಾ ಆಗ್ಲಿ, ಅದಕ್ಕ ಮುಂಚೆ ಬ್ಯಾಡ. ತೂಕದೋನ್ನೂ ಕರಿ.

— ಅವನು ಬಂದ್ರೆ ಹೆಂಗಸರು ಬಾಯಿ ಬಿಡಲ್ಲ.

— ಎರಡು ರಾತ್ರಿ ಹಾಕು. ಒಂದು ಅವರಿಗ, ಒಂದು ಅವನಿಗ.

— ಎರಡು ರಾತ್ರಿಗೆ ಪ್ರೊಜೆಕ್ಟರ್ ಬಾಡಿಗೆ ಎಷ್ಟು ಹೇಳ್ತೀರಾ?

— ಮದುವೆ ಸೀಜನ್‌ಲಿ ಕೇಳಿದ್ರ ಜಾಸ್ತಿ. ಆಷಾಢದಲಿ ಮದುವೆ ಇಲ್ಲ, ಸುಮ್ಮನ ಬಿದ್ದಿರ್ತದ.

— ಆಷಾಢದಲ್ಲಿ ಹೂ ಬಿಟ್ಟಿರುತ್ತೆ, ಅವರಿಗೆ ಕೂರೋಕೆ ಪುರುಸೊತ್ತಿರಲ್ಲ. ದೀಪಾವಳಿ ಆದ ಮೇಲೆ ಬೇಕು ನನಗೆ.

— ಆಗ ಮುಹೂರ್ತ ಅವ ಕೂಸೇ. ಅರ್ಧ ಬಾಡಿಗೆ ಕೊಡು, ವೈರು ಸ್ಪೀಕರು ನಂದು, ಆಟೋ ಖರ್ಚು ನಿಂದು.